ಹದಿನೇಳು ಗುಂಡಿನ ಸುಲ್ಬಾರೊ

ಸುಲ್ಬಾರೊ ಹುಟ್ಟಿದಾಗ ಸೂಲಗಿತ್ತಿ ಅವನನ್ನು ಎರಡೂ ಕೈಯಲ್ಲಿ ಎತ್ತಿ ನೋಡಿ, "ಭಾರ ಇದ್ದಾನಮ್ಮ" ಎಂದಳಂತೆ. ಹುಲೇನದಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ. ಬೇರೆ ಊರುಗಳಲ್ಲಿ ಮಗುವಿನ ಬಣ್ಣ ಹೇಗೆ, ಮೂಗು ಯಾರ ಕಡೆಯದು ಎಂದು ನೋಡುತ್ತಾರಂತೆ. ನಮ್ಮಲ್ಲಿ ಎತ್ತಿ ನೋಡುತ್ತಾರೆ. ಹಿರಿಯರಿಗೆ ಕೈಮುಗಿದರೆ "ನೆಲ ಬಿಡದೆ ಬಾಳು" ಎಂದು ಹರಸುತ್ತಾರೆ. ಜಗಳದಲ್ಲಿ ಎಲ್ಲ ಬೈಗುಳ ಖರ್ಚಾದ ಮೇಲೆ ಬಾಯಿಗೆ ಬರುವುದು "ಗಾಳಿಗೆ ಹೋಗೋನೆ" ಎಂಬ ಮಾತು. ಅದಾದ ಮೇಲೆ ಮಾತಿಲ್ಲ, ಕೈ.

ಹುಟ್ಟುತ್ತಲೇ ಅಷ್ಟು ಹೊಗಳಿಸಿಕೊಂಡದ್ದು ಸಾಕು ಎನ್ನಿಸಿತೋ ಏನೋ, ಸುಲ್ಬಾರೊ ಆಮೇಲೆ ಐವತ್ತು ವರ್ಷ ಹೊಗಳಿಕೆಗೆ ಪಾತ್ರನಾಗುವಂಥ ಕೆಲಸ ಏನನ್ನೂ ಮಾಡಲಿಲ್ಲ. ಹದಿನೆಂಟಕ್ಕೆ ಗಣಿಗೆ ಇಳಿದ. ಕಲ್ಲು ಬಿಡಿಸುವ ಏಳನೇ ಗೋಡೆಯಲ್ಲಿ ಅವನಿಗೆ ಜಾಗ ಕೊಟ್ಟರು. ಏಳನೇ ಗೋಡೆಯಲ್ಲೇ ಉಳಿದ. ಅವನಿಗಿಂತ ಚೆನ್ನಾಗಿ ಉಳಿ ಹಿಡಿಯುವವರಿದ್ದರು, ಅವನಿಗಿಂತ ಕೆಟ್ಟದಾಗಿ ಹಿಡಿಯುವವರೂ ಇದ್ದರು. ಮೇಸ್ತ್ರಿ ಒಮ್ಮೊಮ್ಮೆ ಅವನ ಹೆಸರು ಮರೆತು, "ಏಯ್, ಕಿಪ್ಪೋಲನ ಜೊತೆಯವನೇ" ಎಂದು ಕರೆಯುತ್ತಿದ್ದ. ಸುಲ್ಬಾರೊ ಅದಕ್ಕೂ ಓಗೊಡುತ್ತಿದ್ದ.

ಏರುಗಲ್ಲು ನೋಡುವುದಕ್ಕೆ ಏನೇನೂ ಅಲ್ಲ. ಬೂದು ಬಣ್ಣ, ಒದ್ದೆಯಾದರೆ ಸ್ವಲ್ಪ ನೀಲಿ. ಬಂಡೆಯ ಒಳಗಿರುವ ತನಕ ಸಭ್ಯವಾಗಿರುತ್ತದೆ. ಉಳಿ ತಾಗಿಸಿ ಬಿಡಿಸಿದಿರೋ, ಮೇಲಕ್ಕೆ ಬೀಳುತ್ತದೆ. ಅದಕ್ಕೇ ನಮ್ಮ ಗಣಿಯಲ್ಲಿ ಬುಟ್ಟಿಗಳಿಲ್ಲ; ತಲೆಯ ಮೇಲೆ ಬಲೆ ಕಟ್ಟಿರುತ್ತದೆ. ಬಿದ್ದದ್ದನ್ನು ಎತ್ತುವುದು ಲೋಕದ ಕೆಲಸ, ಹಾರಿದ್ದನ್ನು ಇಳಿಸುವುದು ಹುಲೇನದವರ ಕೆಲಸ. ಬಲೆ ತುಂಬಿತೆಂದರೆ ಇಬ್ಬರು ಸೇರಿ ಹಗ್ಗ ಹಿಡಿದು, ಅದನ್ನು ಹಟಮಾರಿ ಎತ್ತನ್ನು ಎಳೆದಂತೆ ಕೆಳಗೆ ಎಳೆಯಬೇಕು. ಆ ಇಬ್ಬರ ಸೊಂಟವನ್ನೂ ಒಂದೇ ಹಗ್ಗಕ್ಕೆ ಬಿಗಿದಿರುತ್ತಾರೆ. ಹಾಗೆ ಇಳಿಸಿದ ಕಲ್ಲು ಬಂದರಿನ ಗಾಳಿದೋಣಿಗಳ ಹೊಟ್ಟೆಗೆ ಹೋಗುತ್ತದೆ, ಅರಮನೆಯ ತೇಲುಗೋಪುರಕ್ಕೆ ಹೋಗುತ್ತದೆ, ಎಲ್ಲೋ ಕಣಿವೆಗಳಾಚೆ ಕಂಬವಿಲ್ಲದೆ ನಿಂತ ಸೇತುವೆಗಳಿಗೆ ಹೋಗುತ್ತದೆ. ಹುಲೇನದಲ್ಲಿ ಮಾತ್ರ ಹೆಂಗಸರು ಕೆಳಗಿನ ಹೊಂಡದಿಂದ ತಲೆಯ ಮೇಲೆ ನೀರು ಹೊರುತ್ತಾರೆ. ಒಂದು ಚೂರು ಏರುಗಲ್ಲನ್ನೂ ಮನೆಗೆ ಒಯ್ಯುವ ಹಾಗಿಲ್ಲ, ಅಷ್ಟೂ ಗಣಿಯ ಸೊತ್ತು.

ಆದರೂ ಗಣಿಗೆ ಇಳಿದವರೆಲ್ಲ ದಿನಾ ಸ್ವಲ್ಪ ಒಯ್ಯುತ್ತಾರೆ. ಕಲ್ಲಿನ ಹುಡಿ ಉಸಿರಿನ ಜೊತೆ ಒಳಗೆ ಹೋಗುತ್ತದೆ, ಹೋದದ್ದು ಹೊರಗೆ ಬರುವುದಿಲ್ಲ. ಇಪ್ಪತ್ತು ವರ್ಷ ಏನೂ ಗೊತ್ತಾಗುವುದಿಲ್ಲ. ಆಮೇಲೆ ಒಂದು ದಿನ ಸೀನಿದಾಗ ಕಾಲು ನೆಲ ಬಿಡುತ್ತದೆ. ಇದಕ್ಕೆ ನಮ್ಮಲ್ಲಿ "ಹಗುರ ಹಿಡಿಯಿತು" ಎನ್ನುತ್ತಾರೆ. ಇದಕ್ಕೆ ಮದ್ದಿಲ್ಲ. ನೋವೂ ಇಲ್ಲ. ಇರುವುದೆಲ್ಲ ನಾಚಿಕೆ.

ಹಗುರ ಹಿಡಿದವರಿಗೆ ಊರು ಒಂದು ವ್ಯವಸ್ಥೆ ಮಾಡಿದೆ. ಸಂತೆ ಬಯಲಿನ ಅಂಚಿಗೆ ಉದ್ದನೆಯ ಕಲ್ಲುಕಟ್ಟೆ, ಅದರಲ್ಲಿ ಮೊಳಕ್ಕೊಂದರಂತೆ ನೆಟ್ಟ ಕಬ್ಬಿಣದ ಬಳೆಗಳು. ಬೆಳಿಗ್ಗೆ ಹೆಂಡತಿಯರು ಗಂಡಂದಿರನ್ನು ತಂದು ಸೊಂಟದ ಹಗ್ಗವನ್ನು ಬಳೆಗೆ ಬಿಗಿದು ಸಂತೆಗೆ ಹೋಗುತ್ತಾರೆ. ಸಂಜೆ ಬಿಚ್ಚಿಕೊಂಡು ಹೋಗುತ್ತಾರೆ. ಮುದುಕರು ಅಲ್ಲಿ ಕೂತು ಪಗಡೆ ಆಡುತ್ತಾರೆ, ಹೋಗಿಬರುವವರ ನಡಿಗೆ ನೋಡಿ ತೂಕ ಹೇಳುತ್ತಾರೆ. ಅವರಲ್ಲಿ ಗಂದೂರ ಎಂಬವನು ಎಲ್ಲರಿಗಿಂತ ಹಗುರ. ಅವನನ್ನು ಎರಡು ಕಡೆ ಬಿಗಿಯುತ್ತಾರೆ. ಜೋರಾಗಿ ನಕ್ಕರೆ ಒಂದು ಗೇಣು ಮೇಲೇಳುತ್ತಾನೆ. ಸುಲ್ಬಾರೊ ಆ ದಾರಿಯಲ್ಲಿ ಹೋದಾಗಲೆಲ್ಲ ಗಂದೂರ ತನ್ನ ಪಕ್ಕದ ಖಾಲಿ ಬಳೆಯನ್ನು ತಟ್ಟಿ, ನೆಂಟಸ್ತಿಕೆ ಇಲ್ಲದಿದ್ದರೂ ಅಳಿಯನೆಂದು ಕರೆದು ಹೇಳುವನು:

"ಏನಪ್ಪಾ ಅಳಿಯ, ನಿನ್ನ ಬಳೆ ಉಜ್ಜಿ ಉಜ್ಜಿ ನನ್ನ ಕೈ ಸವೀತು. ಯಾವಾಗ ಬರ್ತೀಯ?"

"ನೀವು ಮೇಲಕ್ಕೆ ಹೋದ್ಮೇಲೆ ಮಾವ" ಎಂದು ಸುಲ್ಬಾರೊ ನಗುತ್ತ ದಾಟುತ್ತಿದ್ದ. ದಾಟಿದ ಮೇಲೆ ಹತ್ತು ಹೆಜ್ಜೆ ನೆಲವನ್ನು ಬೇಕೆಂದೇ ಗಟ್ಟಿಯಾಗಿ ತುಳಿಯುತ್ತಿದ್ದ. ಸಾಯುವುದಕ್ಕೆ ಅವನು ಅಷ್ಟು ಹೆದರುತ್ತಿರಲಿಲ್ಲ. ಆ ಬಳೆಗೆ ಹೆದರುತ್ತಿದ್ದ.

ಅವನ ಮದುವೆಯ ದಿನ ಹೀಗಿರಲಿಲ್ಲ. ನಮ್ಮ ಪದ್ಧತಿಯಂತೆ ಹೆಣ್ಣಿನ ತಂದೆ ವರನನ್ನು ಸೊಂಟಕ್ಕೆ ಕೈಹಾಕಿ ಎತ್ತಬೇಕು. ಎತ್ತಲಾಗದಿದ್ದರೆ ಸಂಬಂಧ ಗಟ್ಟಿ. ತಿಯಾಮೆಯ ತಂದೆ ಮೂರು ಸಲ ಎತ್ತಲು ನೋಡಿ, ಮೂರನೇ ಸಲ ಬೆನ್ನು ಹಿಡಿದುಕೊಂಡು, ಊಟಕ್ಕೂ ಕೂರದೆ ಮಲಗಿದ. ಆ ದಿನ ಸುಲ್ಬಾರೊನ ತೂಕ ಹದಿನಾರು ಗುಂಡು. ಗುಂಡೆಂದರೆ ಗಣಿಯ ತಕ್ಕಡಿಯ ಕಬ್ಬಿಣದ ಗುಂಡು. ಒಂದೊಂದೂ ದೊಡ್ಡ ಕುಂಬಳಕಾಯಿಯಷ್ಟು ಭಾರ. ಹದಿನಾರು ಗುಂಡಿನ ಅಳಿಯ ಸಿಕ್ಕಿದ್ದಾನೆಂದು ಮಾವ ಮಲಗಿದಲ್ಲಿಂದಲೇ ಬಂದವರಿಗೆಲ್ಲ ಹೇಳಿದ.

ಇಪ್ಪತ್ತಾರು ವರ್ಷ ಕಳೆದ ಮೇಲೆ ಒಂದು ಬೆಳಿಗ್ಗೆ ತಿಯಾಮೆ ಹಾಸಿಗೆ ಮಡಿಸುತ್ತ ಹೇಳಿದಳು:

"ಏನಯ್ಯಾ, ಈ ಹಾಸಿಗೆ ನನ್ನ ಕಡೇಗೇ ವಾಲ್ತಿದೆಯಲ್ಲ."

"ನೀನು ಸ್ವಲ್ಪ ಕಡಿಮೆ ಉಣ್ಣು" ಎಂದ ಸುಲ್ಬಾರೊ.

ತಿಯಾಮೆ ಎರಡು ದಿನ ಮಾತು ಬಿಟ್ಟಳು. ಮೂರನೇ ದಿನ ಮಾತಾಡಿದಳು, ಆದರೆ ಹಾಸಿಗೆಯ ವಿಷಯ ಎತ್ತಲಿಲ್ಲ. ಅವನೂ ಎತ್ತಲಿಲ್ಲ. ಆ ಮನೆಯಲ್ಲಿ ಆ ವಿಷಯ ಅಲ್ಲಿಗೆ ಮುಗಿಯಿತು ಎಂದು ಇಬ್ಬರೂ ನಟಿಸತೊಡಗಿದರು.

ಮುಗಿಯುವಂಥದ್ದಲ್ಲ ಅದು. ಪ್ರತಿ ವರ್ಷ ಮಳೆ ನಿಂತ ಎಂಟನೇ ದಿನ ತೂಕದ ದಿನ. ಗಣಿಬಾಯಿಯ ಮುಂದೆ ದೊಡ್ಡ ತಕ್ಕಡಿ ಕಟ್ಟುತ್ತಾರೆ. ಒಂದು ಕಡೆಯ ಹಲಗೆಯ ಮೇಲೆ ಆಳು, ಇನ್ನೊಂದು ಕಡೆ ಗುಂಡುಗಳು. ಹದಿನಾಲ್ಕು ಗುಂಡಿಗಿಂತ ಕಡಿಮೆ ತೂಗಿದವನು ಮತ್ತೆ ಗಣಿಗೆ ಇಳಿಯುವ ಹಾಗಿಲ್ಲ. ನಿಯಮ ಕ್ರೂರ ಎನ್ನಲಾಗದು. ಆರು ವರ್ಷದ ಹಿಂದೆ ಮೂರನೇ ಗೋಡೆಯಲ್ಲಿ ತುಂಬಿದ ಬಲೆಯೊಂದು ಕಿತ್ತುಕೊಂಡು ಆಕಾಶಕ್ಕೆ ತೆರೆದ ಗಾಳಿಬಾವಿಯ ದಾರಿ ಹಿಡಿದಾಗ, ಹಗ್ಗದ ಒಂದು ತುದಿಯವನು ಹಗುರನಾಗಿದ್ದ. ಇನ್ನೊಂದು ತುದಿಯವನ ಭಾರ ಸಾಲಲಿಲ್ಲ. ಇಬ್ಬರೂ ಬಲೆಯ ಜೊತೆ ಹೋದರು. ಒಬ್ಬನ ಟೋಪಿ ಸಿಕ್ಕಿತು.

ಇದೆಲ್ಲ ಗೊತ್ತಿದ್ದೂ ಊರಿನ ಅರ್ಧ ಜನ ತೂಕದ ದಿನ ಮೋಸ ಮಾಡುತ್ತಾರೆ. ಹಿಂದಿನ ವಾರ ಸಂತೆಯಲ್ಲಿ ಕಬ್ಬಿಣದ ಚೂರು ಸಿಗುವುದಿಲ್ಲ. ಬೆಳಿಗ್ಗೆ ಎದ್ದು ಗೆಡ್ಡೆಗಂಜಿಯನ್ನು ಮಡಕೆಗಟ್ಟಲೆ ಕುಡಿದು, ಹೊಟ್ಟೆ ಹಿಡಿದುಕೊಂಡು, ಸಾಲಿನಲ್ಲಿ ಒಬ್ಬರ ಮುಖ ಒಬ್ಬರು ನೋಡದೆ ನಿಲ್ಲುತ್ತಾರೆ. ಹಳೆಯ ತೂಕದವನು ಅಂಬ್ರೆಜೋ ಪುಣ್ಯಾತ್ಮ. ಅವನ ಕಣ್ಣು ವರ್ಷವಿಡೀ ಚೆನ್ನಾಗಿ ಕಾಣುತ್ತಿತ್ತು, ತೂಕದ ದಿನ ಮಾತ್ರ ಮಂಜಾಗುತ್ತಿತ್ತು. ಯಾರ ಬೂಟಾದರೂ ಹಲಗೆಯ ಮೇಲೆ ಟಣ್ ಎಂದರೆ ಅಂಬ್ರೆಜೋ ಅದೇ ಹೊತ್ತಿಗೆ ಕೆಮ್ಮುತ್ತಿದ್ದ. ಆ ವರ್ಷ ಅಂಬ್ರೆಜೋ ನಿವೃತ್ತನಾದ. ಅವನ ಜಾಗಕ್ಕೆ ಬಂದರಿನಿಂದ ಇಸ್ಮೋರೆ ಎಂಬ ಮೂವತ್ತರ ಹೆಣ್ಣುಮಗಳು ಬಂದಳು. ಕೆಮ್ಮು ಇರಲಿಲ್ಲ, ಕಣ್ಣೂ ಚೆನ್ನಾಗಿತ್ತು.

ಸುಲ್ಬಾರೊ ಪಕ್ಕದ ಹಳ್ಳಿಗೆ ಹೋಗಿ, ಯಾರೂ ಇಲ್ಲದ ಹೊತ್ತು ನೋಡಿ, ಮೀನಿನವಳ ತಕ್ಕಡಿಯಲ್ಲಿ ಕೂತ. "ಮೀನು ತಗೊಳ್ಳಲ್ವಾ?" ಎಂದು ಅವಳು ಕೇಳಿದ್ದಕ್ಕೆ, "ಮೊದಲು ನಾನೆಷ್ಟು ಮೀನು ಅಂತ ನೋಡು" ಎಂದ. ಲೆಕ್ಕ ಹಾಕಿದರೆ ಹನ್ನೊಂದು ಗುಂಡು. ಮೂರು ಕಡಿಮೆ. ಅವನು ಚಮ್ಮಾರನಿಗೆ ದುಂಬಾಲು ಬಿದ್ದು ತನ್ನ ಹಬ್ಬದ ಬೂಟಿನ ಅಟ್ಟೆಯೊಳಗೆ ಒಂದೂವರೆ ಗುಂಡಿನಷ್ಟು ಕಬ್ಬಿಣ ಕೂರಿಸಿಕೊಂಡ. ಎರಡು ಬೂಟು, ಮೂರು ಗುಂಡು. ಮನೆಗೆ ತಂದು ಕಟ್ಟಿಗೆ ರಾಶಿಯ ಹಿಂದೆ ಇಟ್ಟ.

ತಿಯಾಮೆಗೆ ಮೀನಿನವಳ ಅಗತ್ಯ ಬೀಳಲಿಲ್ಲ. ಅವಳು ಗಂಡ ಗೊರಕೆ ಹೊಡೆಯುವಾಗ ಕಂಕುಳಿಗೆ ಕೈಹಾಕಿ ಎತ್ತಿ ನೋಡಿದಳು, ಆಮೇಲೆ ಹಿಟ್ಟಿನ ಚೀಲ ಎತ್ತಿ ನೋಡಿದಳು, ಮತ್ತೆ ಗಂಡನನ್ನು. ಹನ್ನೊಂದು ಎಂದು ತೀರ್ಮಾನಿಸಿದಳು. ಮೂರು ಗುಂಡಿನಷ್ಟು ಕಬ್ಬಿಣದ ಪಟ್ಟಿಗಳನ್ನು ಸಂಪಾದಿಸಿ ಅವನ ದಪ್ಪ ಹತ್ತಿಯ ಹಬ್ಬದ ಕೋಟಿನ ಒಳಗೆ ಸಾಲಾಗಿ ಇಟ್ಟು ಹೊಲಿದಳು. ಗಂಡಹೆಂಡಿರ ಲೆಕ್ಕ ಇಪ್ಪತ್ತಾರು ವರ್ಷದಲ್ಲಿ ಮೊದಲ ಸಲ ತಾಳೆಯಾಯಿತು. ಇಬ್ಬರೂ ಒಬ್ಬರಿಗೊಬ್ಬರು ಹೇಳಲಿಲ್ಲ. ಹೇಳಿದ್ದರೆ "ನಿನಗೆ ಹಗುರ ಹಿಡಿದಿದೆ" ಎಂಬ ಮಾತನ್ನು ಯಾರಾದರೂ ಒಬ್ಬರು ಬಾಯಿಬಿಟ್ಟು ಆಡಬೇಕಿತ್ತು.

ತೂಕದ ದಿನ ಬೆಳಿಗ್ಗೆ ತಿಯಾಮೆ ಹಿಂದಿನಿಂದ ಕೋಟು ತೊಡಿಸಿದಳು. ಸುಲ್ಬಾರೊನ ಹೆಗಲು ಕುಸಿಯಿತು.

"ಏನೇ ಇದು, ಇಷ್ಟು ಭಾರ?"

"ಒಗೆದಿದ್ದೆ. ಇನ್ನೂ ಒಣಗಿಲ್ಲ. ಹೋಗು, ಹೊತ್ತಾಯ್ತು."

ಬೂಟಿನಿಂದ ಹಿಡಿದು ಮನಸ್ಸಿನ ತನಕ ಅಂದು ಅವನಿಗೆ ಎಲ್ಲವೂ ಭಾರವಾಗಿತ್ತು. ಒಂದೊಂದನ್ನೂ ಬೇರೆ ಮಾಡಿ ತೂಗುವ ಸ್ಥಿತಿಯಲ್ಲಿ ಅವನಿರಲಿಲ್ಲ. ಅವನು ಕಾಲೆಳೆದುಕೊಂಡು ಹೋಗುವುದನ್ನು ತಿಯಾಮೆ ಬಾಗಿಲಲ್ಲಿ ನಿಂತು ನೋಡಿ, ಪಾಪ, ಕೋಟು ಜಾಸ್ತಿಯಾಯಿತೇನೋ ಎಂದುಕೊಂಡಳು. ಬೂಟಿನ ಕಡೆ ಅವಳ ಗಮನ ಹೋಗಲಿಲ್ಲ.

ಸಾಲಿನಲ್ಲಿ ಸುಲ್ಬಾರೊನ ಮುಂದೆ ಕಿಪ್ಪೋಲ. ಹತ್ತೊಂಬತ್ತು ವರ್ಷದಿಂದ ಇಬ್ಬರೂ ಒಂದೇ ಹಗ್ಗದವರು. ಕಿಪ್ಪೋಲ ಹಲಗೆ ಹತ್ತಿ, ಹದಿನಾರು ತೂಗಿ, ಇಳಿದು, ತಿರುಗಿ ನೋಡಿ ಕಣ್ಣು ಹೊಡೆದ. ಸುಲ್ಬಾರೊ ಹಲಗೆ ಹತ್ತಿದ. ಹಲಗೆ ಕರ್ರೆಂದಿತು. ಗುಂಡು ಹಾಕುವವನು ಎಣಿಸತೊಡಗಿದ. ಹದಿಮೂರಾಯಿತು, ಹದಿನಾಲ್ಕಾಯಿತು. ಸುಲ್ಬಾರೊ ಉಸಿರುಬಿಟ್ಟು ಇಳಿಯಲು ಒಂದು ಕಾಲು ಎತ್ತಿದ.

"ನಿಲ್ಲು" ಎಂದಳು ಇಸ್ಮೋರೆ. "ಹಲಗೆ ಇನ್ನೂ ಎದ್ದಿಲ್ಲ."

ಹದಿನೈದು. ಹದಿನಾರು. ಸುಲ್ಬಾರೊನಿಗೆ ತನ್ನ ಕಿವಿಯ ಮೇಲೆ ನಂಬಿಕೆ ಹೋಯಿತು. ಹದಿನೇಳಕ್ಕೆ ಹಲಗೆ ಸಮನಾಯಿತು. ಸಾಲಿನಲ್ಲಿದ್ದವರು ಕತ್ತು ಚಾಚಿ ನೋಡಿದರು. ಐವತ್ತರ ಮನುಷ್ಯ, ಮೂವತ್ತೆರಡು ವರ್ಷ ಗಣಿಯಲ್ಲಿ ಹುಡಿ ಉಂಡವನು, ಮದುವೆಯ ದಿನಕ್ಕಿಂತ ಒಂದು ಗುಂಡು ಜಾಸ್ತಿ!

"ಗಂಜಿ ಯಾವ ಗೆಡ್ಡೇದೋ ಮಾರಾಯ?" ಎಂದು ಯಾರೋ ಕೂಗಿದರು. "ನನ್ನ ಹೆಂಡ್ತಿಗೂ ಹೇಳು!"

ಇಸ್ಮೋರೆ ನಗಲಿಲ್ಲ. ಮೋಸದಲ್ಲಿ ನಮ್ಮ ಊರು ಒಂದೇ ಬಗೆ ಬಲ್ಲದು. ಅವಳು ಇನ್ನೊಂದನ್ನು ಕಂಡವಳು. ಕಲ್ಲುಗಳ್ಳರು ಅಂಗಿಯೊಳಗೆ ಏರುಗಲ್ಲು ಅಡಗಿಸಿಕೊಂಡರೆ ತೂಕ ಇಳಿದು ಸಿಕ್ಕಿಬೀಳುತ್ತಾರೆ. ಅದಕ್ಕೆ ಸರಿದೂಗಿಸಲು ಕಬ್ಬಿಣ ಕಟ್ಟಿಕೊಳ್ಳುತ್ತಾರೆ. ಅಂದಾಜು ತಪ್ಪಿ ಕಬ್ಬಿಣ ಹೆಚ್ಚಾದರೆ ಹೀಗೆ.

"ಮೈಮೇಲೆ ಕಬ್ಬಿಣ ಇದೆ" ಎಂದಳು. "ಕಬ್ಬಿಣ ಇದ್ದಲ್ಲಿ ಕಲ್ಲಿರುತ್ತೆ. ಎಲ್ಲಿಟ್ಟಿದೀಯ?"

"ಕಲ್ಲಾ? ಇಲ್ಲಮ್ಮಾ, ನೆಲದಾಣೆ."

"ಹಾಗಾದ್ರೆ ಕಬ್ಬಿಣ ಯಾಕೆ?"

ಸುಲ್ಬಾರೊ ಸುತ್ತ ನೋಡಿದ. ಕೆಳಗೆ ಸಾಲು, ಸಾಲಿನ ಹಿಂದೆ ಹೆಂಗಸರ ಗುಂಪು, ಅದರಾಚೆ ಕಟ್ಟೆಯ ಮುದುಕರು. ತೂಕ ನೋಡಲೆಂದು ಗಂದೂರನನ್ನೂ ಒಂದು ಬಂಡಿಗೆ ಬಿಗಿದು ತಂದಿದ್ದರು. ಕಬ್ಬಿಣ ಯಾಕೆ ಎಂಬುದಕ್ಕೆ ನಿಜವಾದ ಉತ್ತರ ಒಂದೇ. ಆ ಉತ್ತರ ಹೇಳಿದವನು ನಾಳೆಯಿಂದ ಬಳೆಗೆ.

ಕಿಪ್ಪೋಲ ಹಲಗೆಯ ಹತ್ತಿರ ಬಂದು, ಬೇರೆಲ್ಲೋ ನೋಡುತ್ತ, ತುಟಿ ಅಲುಗಿಸದೆ ಹೇಳಿದ: "ಕದ್ದೆ ಅಂದ್ಬಿಡು."

"ಹಾಂ?"

"ಕದ್ದೆ ಅನ್ನೋ ಪೆದ್ದ. ಕಳ್ಳತನಕ್ಕೆ ಮೂರು ತಿಂಗಳು ನೆಲಮಾಳಿಗೆ. ಹೊರಗೆ ಬಂದ್ಮೇಲೆ ಮತ್ತೆ ಗಣಿ. ಹಗುರ ಅಂದ್ರೆ ಮತ್ತೆ ಇಲ್ಲ."

ಮಾತು ಸುಳ್ಳಲ್ಲ. ನಿಯಮ ಬರೆದವರ ಪ್ರಕಾರ ಕಳ್ಳನು ತಿದ್ದಿಕೊಳ್ಳಬಹುದು, ಹಗುರನು ತಿದ್ದಿಕೊಳ್ಳಲಾರ. ಅಲ್ಲದೆ, ಕದ್ದವನನ್ನು ಹುಲೇನದ ಜನ ಬೈದರೂ ಅದರಲ್ಲಿ ಸ್ವಲ್ಪ ಮರ್ಯಾದೆ ಇರುತ್ತದೆ. ಎಷ್ಟೆಂದರೂ ಭಾರವಾದ ಆಳು. ಸುಲ್ಬಾರೊ ಐವತ್ತು ವರ್ಷದಲ್ಲಿ ಪಕ್ಕದ ಮನೆಯ ಸೌತೆಕಾಯಿಯನ್ನೂ ಕಿತ್ತವನಲ್ಲ. ಈಗ ಗಂಟಲು ಸರಿಮಾಡಿಕೊಂಡು, ಎಲ್ಲರಿಗೂ ಕೇಳುವಂತೆ ಹೇಳಿದ:

"ಹೌದಮ್ಮಾ. ಕದ್ದೆ."

"ಕಲ್ಲೆಲ್ಲಿ?"

"ಈಗ, ನೀವು ನಿಲ್ಲು ಅಂದ್ರಲ್ಲ, ಆವಾಗ ಬಿಟ್ಬಿಟ್ಟೆ." ಅವನು ಮೇಲೆ ತೋರಿಸಿದ. ಎಲ್ಲರೂ ತಲೆಯೆತ್ತಿ ನೋಡಿದರು. ಇಸ್ಮೋರೆಯೂ ನೋಡಿದಳು. ಆಕಾಶ ಎಂದಿನಂತೆ ಖಾಲಿ ಇತ್ತು. ನಮ್ಮ ಊರಿನಲ್ಲಿ ಬಿಸಾಡಿದ ಮಾಲನ್ನು ಹುಡುಕುವ ಪೊಲೀಸರು ಇನ್ನೂ ಹುಟ್ಟಿಲ್ಲ.

ಎಲ್ಲ ಸುಸೂತ್ರವಾಗಿ ಮುಗಿಯುವಂತಿತ್ತು. ಇಸ್ಮೋರೆ ಬರೆಯುವ ಕಡ್ಡಿಯನ್ನು ಮಸಿಗೆ ಅದ್ದಿದ್ದಳು. ಅಷ್ಟರಲ್ಲಿ ಹೆಂಗಸರ ಗುಂಪು ಸೀಳಿಕೊಂಡು ತಿಯಾಮೆ ಬಂದಳು. ಕಳ್ಳನ ಮನೆಯ ಹೊಸ್ತಿಲ ಕಲ್ಲನ್ನು ಒಂದು ವರ್ಷ ಕಿತ್ತಿಡುವುದು ಇಲ್ಲಿನ ಪದ್ಧತಿ. ತಿಯಾಮೆ ಆ ಹೊಸ್ತಿಲನ್ನು ಇಪ್ಪತ್ತಾರು ವರ್ಷ ದಿನಕ್ಕೆರಡು ಸಲ ತೊಳೆದವಳು.

"ಯಾರು ಕಳ್ಳ? ಈ ಮನುಷ್ಯನಾ?" ಎಂದು ಅವಳು ಇಸ್ಮೋರೆಯನ್ನು ಬಿಟ್ಟು ಊರಿಗೆಲ್ಲ ಕೇಳಿದಳು. "ನೀರಿನ ಕೊಡದ ಕೆಳಗೆ ಇಟ್ಕೊಳ್ಳೋಕೆ ಒಂದು ಚೂರು, ಉಗುರಿನಷ್ಟು ಚೂರು ಕಲ್ಲು ತಂದ್ಕೊಡು ಅಂತ ಮದುವೆಯಾದಾಗಿಂದ ಬೇಡ್ತಿದೀನಿ. ತಂದನಾ? ಇವನಿಗೆ ಕದಿಯೋ ತಾಕತ್ತಿದ್ದಿದ್ರೆ ನನ್ನ ಸೊಂಟ ಹೀಗ್ಯಾಕಿರ್ತಿತ್ತು?"

"ತಿಯಾಮೆ, ನೀನು ಸುಮ್ನಿರೆ" ಎಂದ ಸುಲ್ಬಾರೊ.

"ನೀನು ಸುಮ್ನಿರು. ನೋಡಮ್ಮಾ ತೂಕದವಳೇ, ಕಬ್ಬಿಣ ಇಟ್ಟಿದ್ದು ನಾನು. ಇವನಿಗೆ ಗೊತ್ತೇ ಇಲ್ಲ."

ಸುಲ್ಬಾರೊ ಅವಳ ಮುಖ ನೋಡಿದ. ಅವಳು ಸೆರಗಿನ ತುದಿಯಲ್ಲಿದ್ದ ಕತ್ತರಿ ತೆಗೆದು, ಹಲಗೆಯ ಮೇಲೆ ನಿಂತಿದ್ದವನ ಕೋಟನ್ನು ಮುಂದಿನಿಂದ ಹಿಂದಿನ ತನಕ ಕೋಳಿ ಸೀಳಿದಂತೆ ಸೀಳಿದಳು. ಪಟ್ಟಿಗಳು ಒಂದೊಂದಾಗಿ ನೆಲಕ್ಕೆ ಬಿದ್ದವು. ಗುಂಡು ಹಾಕುವವನು ಎದುರಿನ ಹಲಗೆಯಿಂದ ಒಂದೊಂದೇ ತೆಗೆಯುತ್ತ ಹೋದ. ಹದಿನಾರು, ಹದಿನೈದು. ಮುಂದಿನದು ಅವಳಿಗೆ ಗೊತ್ತಿತ್ತು: ಕೊನೆಯ ಪಟ್ಟಿ ಬಿದ್ದಾಗ ಹನ್ನೊಂದಕ್ಕೆ ನಿಲ್ಲುತ್ತದೆ, ಗಂಡ ಬಳೆಗೆ ಹೋಗುತ್ತಾನೆ, ಹೊಸ್ತಿಲು ಉಳಿಯುತ್ತದೆ. ಕಳ್ಳನ ಹೆಂಡತಿಯಾಗುವುದಕ್ಕಿಂತ ಹಗುರನ ಹೆಂಡತಿಯಾಗುವುದು ಮೇಲು ಎಂದು ಅವಳು ಗುಂಪು ಸೀಳುವಾಗಲೇ ತೀರ್ಮಾನಿಸಿದ್ದಳು.

ಕೊನೆಯ ಪಟ್ಟಿ ಬಿತ್ತು. ತಕ್ಕಡಿ ಹದಿನಾಲ್ಕಕ್ಕೆ ಸಮನಾಗಿ ನಿಂತಿತು.

ತಿಯಾಮೆ ಗುಂಡುಗಳನ್ನು ತಾನೇ ಎಣಿಸಿದಳು. ಮತ್ತೊಮ್ಮೆ ಎಣಿಸಿದಳು. ಹಿಟ್ಟಿನ ಚೀಲದ ಲೆಕ್ಕ ತಪ್ಪಿತ್ತೇ? ಅವಳ ಮುಖ ಅರಳಿದ್ದು ಎಷ್ಟೋ ವರ್ಷದ ಮೇಲೆ ಎಂದು ಹತ್ತಿರವಿದ್ದವರು ಆಮೇಲೆ ಹೇಳಿದರು. "ಹದಿನಾಲ್ಕು!" ಎಂದು ಅವಳು ತಿರುಗಿ ಗಂದೂರನಿಗೇ ಕೂಗಿ ಹೇಳಿದಳು. "ಕೇಳಿಸ್ತಾ ಅಣ್ಣಾ? ಕಬ್ಬಿಣ ತೆಗೆದೂ ಹದಿನಾಲ್ಕು!"

ಜನ ಚಪ್ಪಾಳೆ ತಟ್ಟಿದರು. ಇಸ್ಮೋರೆ ಪಟ್ಟಿಗಳನ್ನು ಎತ್ತಿ ನೋಡಿ, ಸೀಳಿದ ಕೋಟಿನಲ್ಲಿ ಕೈಯಾಡಿಸಿ, ಕಲ್ಲಿಲ್ಲವೆಂದು ಖಾತ್ರಿ ಮಾಡಿಕೊಂಡಳು.

"ಹೆಂಡ್ತಿ ಇಟ್ಟಿದ್ದು ಅಂತ ಇಟ್ಕೊಳ್ಳೋಣ. ಕದ್ದೆ ಅಂತ ಯಾಕೆ ಒಪ್ಕೊಂಡೆ?"

"ಅವನು ಹಾಗೇನಮ್ಮಾ" ಎಂದಳು ತಿಯಾಮೆ. "ಗಟ್ಟಿಯಾಗಿ ಕೇಳಿದ್ರೆ ಏನು ಬೇಕಾದ್ರೂ ಒಪ್ಕೋತಾನೆ. ನನ್ನನ್ನೂ ಹಾಗೇ ಒಪ್ಕೊಂಡಿದ್ದು."

ನಗು ಎದ್ದಿತು. ಇಸ್ಮೋರೆಯೂ ಈ ಸಲ ನಕ್ಕಳು. ಸುಲ್ಬಾರೊ ಹಲಗೆಯ ಮೇಲೆ, ಹರಿದ ಕೋಟಿನಲ್ಲಿ, ಬೂಟು ಅಲುಗದಂತೆ ನಿಂತಿದ್ದ. ಬೂಟಿನ ಮೂರು ಗುಂಡಿನ ವಿಷಯ ಈಗ ಆ ಬಯಲಿನಲ್ಲಿ ಅವನೊಬ್ಬನಿಗೇ ಗೊತ್ತು. ಅವನು ಕಳ್ಳನಲ್ಲ, ಹಗುರನಲ್ಲ. ಹೊಸ್ತಿಲೂ ಉಳಿಯಿತು, ಗಣಿಯೂ ಉಳಿಯಿತು. ಇಷ್ಟು ಒಳ್ಳೆಯ ಅದೃಷ್ಟ ತನಗೆ ಹಿಂದೆಂದೂ ಬಂದಿರಲಿಲ್ಲವಾದ್ದರಿಂದ, ಅದರ ಜೊತೆ ಹೇಗೆ ನಡೆದುಕೊಳ್ಳಬೇಕೆಂದು ಅವನಿಗೆ ತಿಳಿಯಲಿಲ್ಲ.

ಉಳಿದದ್ದು ಒಂದೇ ಶಾಸ್ತ್ರ. ತೂಗಿ ಗೆದ್ದವನ ಹಗ್ಗದ ಜೊತೆಗಾರ ಮುಂದೆ ಬಂದು, ಅವನ ಕೈ ಹಿಡಿದು, "ಇವನ ಭಾರಕ್ಕೆ ನನ್ನ ಜೀವ" ಎಂದು ಮೂರು ಸಲ ಹೇಳಬೇಕು. ಸಾಮಾನ್ಯವಾಗಿ ಇದನ್ನು ಆಕಳಿಸುತ್ತ ಹೇಳುತ್ತಾರೆ. ಕಿಪ್ಪೋಲ ಬಂದು ಸುಲ್ಬಾರೊನ ಕೈ ಹಿಡಿದ. ಹಿಡಿದವನು ಬಗ್ಗಿ ಬೂಟು ನೋಡಿದ.

"ಬೂಟಲ್ಲೆಷ್ಟು?" ಎಂದ ಪಿಸುದನಿಯಲ್ಲಿ.

"ಯಾವ ಬೂಟು?"

"ಸುಮ್ನಿರೋ. ಹತ್ತೊಂಬತ್ತು ವರ್ಷ ಹಗ್ಗದ ಆ ತುದೀಲಿ ಇರೋನಿಗೆ ಈ ತುದೀಲಿ ಏನು ನೇತಾಡ್ತಿದೆ ಅಂತ ಗೊತ್ತಾಗಲ್ವಾ? ಬಿಚ್ಚಬೇಡ. ನಾನು ನೋಡ್ಕೋತೀನಿ."

"ಏನು ನೋಡ್ಕೋತೀಯ?"

"ಎರಡು ವರ್ಷದಿಂದ ನೋಡ್ಕೋತಾನೇ ಇದೀನಲ್ಲ. ಸೊಂಟಕ್ಕೆ ಎರಡು ಗುಂಡು ಕಟ್ಕೊಂಡು ಇಳೀತಿದೀನಿ. ನಿನ್ನ ಪಾಲಿಂದು. ಈಗ ಮೂರು ಕಟ್ಕೊಂಡ್ರಾಯ್ತು." ಅಷ್ಟು ಹೇಳಿ ಕಿಪ್ಪೋಲ ಗಟ್ಟಿಯಾಗಿ ಶುರುಮಾಡಿದ: "ಇವನ ಭಾರಕ್ಕೆ ನನ್ನ ಜೀವ."

ಗಣಿಯಿಂದ ಮೇಲೆ ಬರುವ ಏಣಿಗೆ ಮುನ್ನೂರ ನಲವತ್ತು ಮೆಟ್ಟಿಲು. ಎರಡು ವರ್ಷದಿಂದ ಕಿಪ್ಪೋಲ ನಡುನಡುವೆ ಏಣಿಗೆ ಒರಗಿ ನಿಲ್ಲುತ್ತಿದ್ದ, ಮೊಣಕಾಲು ಉಜ್ಜುತ್ತಿದ್ದ. "ಮುದುಕನಾದೆ ಕಣೋ, ಬೆತ್ತ ತರಲಾ?" ಎಂದು ಸುಲ್ಬಾರೊ ಹಕ್ಕಿಯಂತೆ ಪುರ್ರನೆ ಏರಿ, ಮೇಲಿಂದ ಕೂಗುತ್ತಿದ್ದ. ತಾನು ಯಾಕೆ ಅಷ್ಟು ಸುಲಭವಾಗಿ ಏರುತ್ತಿದ್ದೇನೆಂದು ಅವನು ಕೇಳಿಕೊಂಡಿರಲಿಲ್ಲ. ಕಿಪ್ಪೋಲ ಯಾಕೆ ಏರುತ್ತಿಲ್ಲವೆಂದಂತೂ ಕೇಳಿಕೊಂಡಿರಲೇ ಇಲ್ಲ.

"ಇವನ ಭಾರಕ್ಕೆ ನನ್ನ ಜೀವ" ಎಂದು ಕಿಪ್ಪೋಲ ಎರಡನೇ ಸಲ ಹೇಳಿದ.

ಸುಲ್ಬಾರೊ ಕೈ ಬಿಡಿಸಿಕೊಂಡ. ಹಲಗೆಯ ಮೇಲೆ ಕೂತು ಬೂಟಿನ ದಾರ ಬಿಚ್ಚತೊಡಗಿದ. ದಾರ ಗಂಟಾಗಿತ್ತು, ಹಲ್ಲಿನಿಂದ ಕಚ್ಚಿ ಎಳೆದ. ಯಾರಿಗೂ ಏನೂ ಅರ್ಥವಾಗಲಿಲ್ಲ. ತಿಯಾಮೆ, "ಏನಯ್ಯಾ, ಇಲ್ಲ್ಯಾಕೆ ಬೂಟು ಬಿಚ್ತೀಯ?" ಎಂದಳು. ಅವನು ಬಲಗಾಲಿನದನ್ನು ಎಸೆದ. ಅದು ನೆಲಕ್ಕೆ ಬಿದ್ದ ಸದ್ದಿಗೆ ಎರಡು ಕೋಳಿ ಹಾರಿದವು. ಎಡಗಾಲಿನದು ಬಿದ್ದಾಗ ಇಡೀ ಬಯಲಿಗೆ ಅರ್ಥವಾಗಿತ್ತು. ಗುಂಡು ಹಾಕುವವನು ಯಾರೂ ಹೇಳದಿದ್ದರೂ ಒಂದೊಂದಾಗಿ ಮೂರು ತೆಗೆದ.

"ಹನ್ನೊಂದು" ಎಂದ. ಈ ಸಲ ಕೂಗಲಿಲ್ಲ, ಹೇಳಿದ.

"ಮೂರನೇ ಸಲ ಹೇಳಬೇಡ" ಎಂದ ಸುಲ್ಬಾರೊ ಕಿಪ್ಪೋಲನಿಗೆ.

"ಪೆದ್ದ ನನ್ಮಗನೆ" ಎಂದ ಕಿಪ್ಪೋಲ.

ಇಸ್ಮೋರೆ ಅವನನ್ನೂ ಬೂಟುಗಳನ್ನೂ ನೋಡಿದಳು. ಅವಳು ಕೇಳಬಹುದಾದ ಪ್ರಶ್ನೆಗಳು ಬಹಳ ಇದ್ದವು. ಕೇಳಿದ್ದು ಒಂದು: "ಹೆಸರು ಇನ್ನೊಮ್ಮೆ ಹೇಳಿ." ಅಲ್ಲಿಯ ತನಕ ಏಕವಚನವಿತ್ತು. ಸುಲ್ಬಾರೊ ಹೆಸರು ಹೇಳಿದ. ಬರಿಗಾಲಿನಲ್ಲಿ ಹಲಗೆಯಿಂದ ಇಳಿದ. ತಿಯಾಮೆ ನೆಲದಲ್ಲಿ ಬಿದ್ದ ಪಟ್ಟಿಗಳನ್ನೂ ಬೂಟುಗಳನ್ನೂ ಹರಿದ ಕೋಟಿನಲ್ಲಿ ಗಂಟು ಕಟ್ಟಿದಳು. ಗಂಟು ಆರು ಗುಂಡು ಭಾರ. ಅವನು ಎತ್ತಲು ಹೋದಾಗ, "ಬಿಡು, ನಾನು ಹೊರ್ತೀನಿ. ಅಭ್ಯಾಸ ಇದೆ" ಎಂದು ತಲೆಗೇರಿಸಿದಳು.

ಅರ್ಧ ದಾರಿ ನಡೆದರು. ಆಮೇಲೆ ಅವಳೇ ಕೇಳಿದಳು.

"ನಿಂಗೆ ಹನ್ನೊಂದು ಅಂತ ಹೇಗೆ ಗೊತ್ತಾಯ್ತು?"

"ಮೀನಿನವಳ ತಕ್ಕಡಿ. ನಿಂಗೆ?"

"ಹಿಟ್ಟಿನ ಚೀಲ."

"ಸರಿಯಾಗೇ ಹೇಳಿದೆ ಚೀಲ" ಎಂದ ಸುಲ್ಬಾರೊ.

ಮರುದಿನ ಬೆಳಿಗ್ಗೆ ಅವಳು ಹೊಸ ಹಗ್ಗ ತಂದು ಅವನನ್ನು ಕಟ್ಟೆಗೆ ಕರೆದೊಯ್ದಳು. ಹನ್ನೊಂದು ಗುಂಡಿನವನನ್ನು ಕಟ್ಟಲೇಬೇಕೆಂದಿಲ್ಲ. ದೊಡ್ಡ ಗಾಳಿ ಬಂದರೂ ಅವನು ನಿಲ್ಲಬಲ್ಲ. ಆದರೆ ನಿಯಮ ನಿಯಮವೇ. ಅವಳು ಕಟ್ಟಿದ ಗಂಟು ಮಡಕೆಯ ಬಾಯಿಗೆ ಬಟ್ಟೆ ಕಟ್ಟುವ ಗಂಟು. ಎಳೆದರೆ ಬಿಚ್ಚಿಕೊಳ್ಳುವಂಥದು. ಸುಲ್ಬಾರೊ ನೋಡಿದ, ತಿದ್ದಲಿಲ್ಲ. ಗಂದೂರ ಏನಾದರೂ ಅನ್ನುತ್ತಾನೆಂದು ಅವನು ಇರುಳೆಲ್ಲ ಉತ್ತರ ಸಿದ್ಧಮಾಡಿಕೊಂಡಿದ್ದ. ಗಂದೂರ ಅಂದದ್ದು, "ಸ್ವಲ್ಪ ಆ ಕಡೆ ಸರೀ ಅಳಿಯ, ನೀನು ಬಿಸಿಲಿಗೆ ಅಡ್ಡ ಕೂತಿದೀಯ." ಅಷ್ಟೇ. ಮಧ್ಯಾಹ್ನದ ತನಕ ಸುಲ್ಬಾರೊ ಪಗಡೆಯಲ್ಲಿ ನಾಲ್ಕು ಆಟ ಸೋತ. ದಾರಿಯಲ್ಲಿ ಹೋಗುವವರ ತೂಕ ಹೇಳುವುದರಲ್ಲೂ ಸೋತ. ಆ ವಿದ್ಯೆಗೆ ವರ್ಷಗಳೇ ಬೇಕು.

ಸಂಜೆ ಗಣಿ ಬಿಟ್ಟ ಮೇಲೆ ಕಿಪ್ಪೋಲ ಬಂದು ಕಟ್ಟೆಯ ತುದಿಯಲ್ಲಿ ಕೂತ. ಕೂತವನ ಎರಡು ಕೈಗಳೂ ಸೊಂಟದ ಕಡೆ ಹೋಗಿ, ಅಲ್ಲಿ ಬಿಚ್ಚಲು ಏನೂ ಇಲ್ಲದೆ ವಾಪಸು ಬಂದವು.

"ಹೊಸಬನನ್ನ ಕೊಟ್ಟಿದಾರೆ" ಎಂದ. "ಹದಿನೆಂಟು ಗುಂಡು. ಹಗ್ಗ ಅಲುಗಲ್ಲ. ಗೋಡೆಗೆ ಕಟ್ಟಿದ ಹಾಗೆ ನಿಂತಿರ್ತಾನೆ."

"ಒಳ್ಳೇದಲ್ವಾ?"

"ಏನು ಒಳ್ಳೇದು? ಬೆಳಗ್ಗಿಂದ ಒಂದು ಮಾತಾಡಿಲ್ಲ. ನಿನ್ನ ಹಳೇ ಜೋಕು ಇತ್ತಲ್ಲ, ಮೇಕೆ ಮತ್ತೆ ಗಾಳಿದೋಣಿದು, ಅದನ್ನ ನಾನೇ ಹೇಳಿದೆ. ನಗಲಿಲ್ಲ."

"ನೀನು ಹೇಳಿದ್ರೆ ಯಾರು ನಗ್ತಾರೆ? ಮೇಕೆ ದನೀಲಿ ಹೇಳಬೇಕು."

"ಮೇಕೆ ದನೀಲೇ ಹೇಳಿದೆ ಕಣೋ."

"ಹೇಳು ನೋಡೋಣ."

ಕಿಪ್ಪೋಲ ಶುರುಮಾಡಿದ. ನಡುವೆ ತಪ್ಪಿದ, ಸುಲ್ಬಾರೊ ತಿದ್ದಿದ. ಮೇಕೆಯ ದನಿ ಬಂದಲ್ಲಿ ಗಂದೂರ ನಕ್ಕು ಒಂದು ಗೇಣು ಮೇಲೆದ್ದ; ಪಕ್ಕದವರು ಅವನ ಹಗ್ಗ ಹಿಡಿದರು. ತಿಯಾಮೆ ಸಂತೆಯ ಚೀಲ ಹಿಡಿದು ಬಂದು, ಗಂಟಿಗೆ ಕೈ ಹಾಕಿ ಕೇಳಿದಳು:

"ಬಿಚ್ಚಲಾ?"

"ತಡಿ" ಎಂದ ಸುಲ್ಬಾರೊ. "ಇವನಿಗೆ ಜೋಕು ಇನ್ನೂ ಬಂದಿಲ್ಲ."